ಕಬ್ಬಿನ ಹೊಲದಲ್ಲಿ ಕೆಳಗಿಟ್ಟ ಕ್ಯಾಮೆರಾ

ಕಾಕಾನ ಎಡಗಣ್ಣಿನ ಸುತ್ತ ಮಾತ್ರ ಸುಕ್ಕುಗಳಿದ್ದವು. ನಲವತ್ತು ವರ್ಷ ಆ ಕಣ್ಣನ್ನು ಬಿಗಿಯಾಗಿ ಮುಚ್ಚಿ, ಬಲಗಣ್ಣಿನಿಂದ ಕ್ಯಾಮೆರಾದೊಳಗೆ ನೋಡಿದ್ದರ ಗುರುತು ಅದು. ವಿಜಯಪುರದ ಕಡೆಯಿಂದ ಪುಣೆಗೆ ಬಂದು, ಅಲ್ಲಿನ ಕ್ಯಾಂಪ್ ಬಡಾವಣೆಯ ಒಂದು ಫೋಟೊ ಸ್ಟುಡಿಯೋದಲ್ಲಿ ಕೆಲಸ ಕಲಿತು, ಸಿನಿಮಾ ಛಾಯಾಗ್ರಾಹಕರಾದವರು. ಮರಾಠಿಯ ಸಂಸಾರದ ಕಥೆ, ಕನ್ನಡದ ಹೊಡೆದಾಟದ ಚಿತ್ರ, ದೆವ್ವದ ಸಿನಿಮಾ, ಸಾಬೂನಿನ ಜಾಹೀರಾತು, ವೈದ್ಯಕೀಯ ವಿದ್ಯಾರ್ಥಿಗಳಿಗಾಗಿ ಹೃದಯದ ಶಸ್ತ್ರಚಿಕಿತ್ಸೆ ಕೂಡ ಚಿತ್ರಿಸಿದ್ದರು. ಧ್ವನಿ ಮುದ್ರಿಸುವವಳಾಗಿ ನಾನು ಹನ್ನೆರಡು ವರ್ಷ ಅವರ ಜೊತೆ ದುಡಿದೆ. ಎಲ್ಲರಂತೆ ನಾನೂ ಅವರನ್ನು ಕಾಕಾ ಎನ್ನುತ್ತಿದ್ದೆ.

ಕಾಕಾ ಅಂಜುಬುರುಕರು. ಅದನ್ನು ಮುಚ್ಚಿಡುತ್ತಲೂ ಇರಲಿಲ್ಲ. ಕ್ರೇನ್ ಏರುವ ಮುನ್ನ ಒಂದೊಂದು ನಟ್ಟನ್ನೂ ಮುಟ್ಟಿ ನೋಡುವರು. ಯಾರಾದರೂ ನಕ್ಕರೆ, "ನಗ್ರಿ. ಅಂಜಿಕಿ ಇದ್ದಾಂವ ಸಂಜಿಕ ಮನಿ ಮುಟ್ಟತಾನ," ಎನ್ನುವರು.

ಮೂರು ವರ್ಷದ ಹಿಂದೆ ಚಿರತೆಗಳ ಸಾಕ್ಷ್ಯಚಿತ್ರಕ್ಕಾಗಿ ಪುಣೆ ಜಿಲ್ಲೆಯ ಶಿರೂರಿನ ಕಡೆ ಹೋಗಿದ್ದೆವು. ಅಲ್ಲಿ ಅವು ಕಬ್ಬಿನ ಹೊಲಗಳಲ್ಲೇ ಮರಿ ಹಾಕುತ್ತವೆ. ಯಾದಗಿರಿಯಿಂದ ಬಂದ ಕೂಲಿಯವರು ಕಟಾವು ನಡೆಸಿದ್ದರು. ಮಧ್ಯಾಹ್ನದ ಹೊತ್ತಿಗೆ ಹೊಲದ ನಡುವೆ ಸಣ್ಣದೊಂದು ಪಟ್ಟಿ ಮಾತ್ರ ಕಡಿಯದೆ ಉಳಿದಿತ್ತು. ನನ್ನ ಹೆಡ್‌ಫೋನಿನಲ್ಲಿ ಒಣಗರಿ ಮುರಿಯುವ ಸದ್ದು ಬಂತು. ನಿಂತಿತು. ಮತ್ತೆ ಬಂತು, ಇನ್ನೂ ಹತ್ತಿರ. ಅದು ಬೇರೆ ಯಾರಿಗೂ ಕೇಳುತ್ತಿರಲಿಲ್ಲ.

ಕಾಕಾನ ತೋಳು ಮುಟ್ಟಿ ತೋರಿಸಿದೆ. ಕಬ್ಬಿನ ಅಂಚಿನಲ್ಲಿ ಚಿರತೆಯ ಮುಖ. ಅದಕ್ಕೂ ನಮಗೂ ನಡುವೆ ಒಬ್ಬ ಹೆಣ್ಣುಮಗಳು, ಚಿರತೆಗೆ ಬೆನ್ನು ಮಾಡಿ, ಕುಕ್ಕರಗಾಲಲ್ಲಿ ಕುಳಿತು ಹೊರೆ ಕಟ್ಟುತ್ತಿದ್ದಳು. ನಾನು ಚೀರಲು ಬಾಯಿ ತೆರೆದೆ. ಕಾಕಾ ನನ್ನ ಮಣಿಕಟ್ಟನ್ನು ಒತ್ತಿ ಹಿಡಿದರು. "ಚೀರಬ್ಯಾಡವ್ವ. ಆಕಿ ಓಡ್ತಾಳ. ಓಡಿದ್ರ ಅದು ಬೆನ್ನು ಹತ್ತತದ."

ಕ್ಯಾಮೆರಾವನ್ನು ಮಣ್ಣಿನ ಮೇಲೆ ಇಟ್ಟು, ಎರಡೂ ಕೈ ಎತ್ತಿ ನೆಟ್ಟಗೆ ನಿಂತರು.

"ತಂಗಿ, ಮೆಲ್ಲಕ ಎದ್ದು ನಿಂದರವ್ವಾ. ಹಿಂದ ನೋಡಬ್ಯಾಡ. ನನ್ನ ಮಾರಿ ನೋಡ್ಕೋತ ಬಾ."

"ಯಾಕ್ರೀ ಅಣ್ಣಾ?"

"ಸುಮ್ನ ಬಾ. ಹೇಳ್ತೀನಿ."

ಅವಳು ಎದ್ದಳು. ಕಾಕಾನ ಮುಖವನ್ನೇ ನೋಡುತ್ತ ಒಂದೊಂದೇ ಹೆಜ್ಜೆ ಇಟ್ಟಳು. ಚಿರತೆ ಮೈ ತಗ್ಗಿಸಿತು. ಕಾಕಾ ಕೈ ಇಳಿಸದೆ ಮುಂದೆ ನಡೆದು, ಅವಳನ್ನು ದಾಟಿ, ಅದರ ಎದುರು ನಿಂತರು. ಎಷ್ಟು ಹೊತ್ತೋ ತಿಳಿಯದು. ಕಡೆಗೆ ಅದು ತಿರುಗಿ ಕಬ್ಬಿನೊಳಗೆ ನುಸುಳಿತು. ವಿಷಯ ತಿಳಿದ ಮೇಲೆ ಆ ಹೆಣ್ಣುಮಗಳು ಹೊಲದ ಬದುವಿನ ಮೇಲೆ ಕುಳಿತುಬಿಟ್ಟಳು. ನೀರಿನ ಬಾಟಲಿಯ ಮುಚ್ಚಳ ತೆಗೆಯುವುದು ಕಾಕಾನಿಂದ ಆಗಲಿಲ್ಲ; ನಾನೇ ತೆಗೆದುಕೊಟ್ಟೆ.

ಸಂಜೆ ನಿರ್ಮಾಪಕ ಫೋನ್ ಮಾಡಿ, ಜನ್ಮಕ್ಕೊಮ್ಮೆ ಸಿಗುವ ದೃಶ್ಯ ಬಿಟ್ಟಿರಲ್ಲ ಎಂದು ಸಿಡುಕಿದ. "ಹೌದ್ರಿ, ಅಂಜಿದೆ," ಎಂದಷ್ಟೇ ಕಾಕಾ ಹೇಳಿದರು. ಆತ ಮತ್ತೆ ಅವರನ್ನು ಕರೆಯಲಿಲ್ಲ.

ಈ ವರ್ಷ ಕಾಕಾ ಪುಣೆಯ ಧನಕವಡಿಯ ತಮ್ಮ ಮನೆಯಲ್ಲಿ ತೀರಿಕೊಂಡರು. ಶ್ರದ್ಧಾಂಜಲಿ ಸಭೆಯಲ್ಲಿ ಅವರು ಚಿತ್ರಿಸಿದ ಹಾಡುಗಳನ್ನು, ಹೊಡೆದಾಟಗಳನ್ನು ತೋರಿಸಲಾಯಿತು. ಶಿರೂರಿನ ಆ ಮಧ್ಯಾಹ್ನದ ಚಿತ್ರ ಎಲ್ಲಿಯೂ ಇಲ್ಲ. ನಾನು ಮುದ್ರಿಸಿಕೊಂಡ ಧ್ವನಿ ಮಾತ್ರ ಇದೆ. ಮನೆಗೆ ಬಂದು ಅದನ್ನು ಹಾಕಿದೆ. "ನನ್ನ ಮಾರಿ ನೋಡ್ಕೋತ ಬಾ" ಎಂಬ ದನಿ, ಆಮೇಲೆ ಒಣಗರಿಯ ಮೇಲೆ ಆಕೆಯ ಹೆಜ್ಜೆ. ಆಕೆ ಬದುಕಿದ್ದಾಳೆಂದು ಗೊತ್ತಿದ್ದರೂ, ಕೊನೆಯ ಹೆಜ್ಜೆ ಕೇಳುವವರೆಗೆ ನನಗೆ ಉಸಿರು ಬಿಡಲಾಗಲಿಲ್ಲ.