ಬತ್ತಿದ ಬೋರಿನೊಳಗಿನ ಸದ್ದು

ಇಂಥದ್ದನ್ನೆಲ್ಲ ನಾನು ನಂಬುವವನಲ್ಲ. ಕಡೂರು, ಅಜ್ಜಂಪುರದ ಕಡೆ ಬೋರ್‌ವೆಲ್ ಮೋಟಾರು ರಿಪೇರಿ ಮಾಡಿಯೇ ತಲೆ ನರೆತವನು ನಾನು. ದೆವ್ವದ ಮಾತು ತೆಗೆದವರನ್ನು ಎಷ್ಟೋ ಸಲ ಗೇಲಿ ಮಾಡಿದ್ದೇನೆ. ಈಗ ನೀವು ನನ್ನನ್ನು ಗೇಲಿ ಮಾಡಿದರೂ ಬೇಜಾರಿಲ್ಲ.

ನಮ್ಮ ದೊಡ್ಡಪ್ಪ ನೌಕಾಪಡೆಯಲ್ಲಿದ್ದರು. ಯುದ್ಧನೌಕೆಯೊಳಗೆ ಕೂತು, ಕಿವಿಗೆ ಹೆಡ್‌ಫೋನ್ ಹಾಕಿಕೊಂಡು, ಸಮುದ್ರದೊಳಕ್ಕೆ ಸದ್ದು ಬಿಟ್ಟು, ಅದು ಶತ್ರುವಿನ ಜಲಾಂತರ್ಗಾಮಿಗೆ ತಾಗಿ ಮರಳುತ್ತದೆಯೇ ಎಂದು ಆಲಿಸುವುದು ಅವರ ಕೆಲಸ. ಎಪ್ಪತ್ತೊಂದರ ಯುದ್ಧದಲ್ಲಿ ಅಂಥದೇ ಒಂದು ಜಲಾಂತರ್ಗಾಮಿ ಅವರ ಹಡಗನ್ನು ಮುಳುಗಿಸಿತು. ದೇಹ ಸಿಗಲಿಲ್ಲ. ಕೊನೆಯ ರಜೆಯಲ್ಲಿ ಬಂದಾಗ ಶಿವದಾರ ಬದಲಿಸಲೆಂದು ಕೊರಳಿನ ಇಷ್ಟಲಿಂಗ ಬಿಚ್ಚಿಟ್ಟವರು, ಬೀರೂರಿನ ರೈಲು ತಪ್ಪೀತೆಂಬ ಗಡಿಬಿಡಿಯಲ್ಲಿ ಅದನ್ನು ಮರೆತು ಹೋಗಿದ್ದರು. ದೊಡ್ಡಮ್ಮ ದಿನಾ ಬೆಳಿಗ್ಗೆ ಎಡಗೈಯಲ್ಲಿ ತನ್ನ ಲಿಂಗದ ಪಕ್ಕದಲ್ಲೇ ಅದನ್ನೂ ಇಟ್ಟುಕೊಂಡು ಪೂಜೆ ಮಾಡುತ್ತಿದ್ದಳು.

ನಮ್ಮಲ್ಲಿ ಸತ್ತವರ ಅಂಗೈಯಲ್ಲಿ ಅವರ ಲಿಂಗವಿಟ್ಟು ಮಣ್ಣು ಮಾಡುತ್ತೇವೆ. ದಶಕಗಳೇ ಕಳೆದ ಮೇಲೆ ಹಿರಿಯರು, ಲಿಂಗವನ್ನಾದರೂ ತೆಂಗಿನ ತೋಟದಲ್ಲಿ ಮಣ್ಣು ಮಾಡಿ ಅವರಿಗೊಂದು ಸಮಾಧಿ ಕಟ್ಟೋಣ ಎಂದರು. ಅವರು ಬಂದೇ ಬರುತ್ತಾರೆಂದು ದೊಡ್ಡಮ್ಮ ಬಹಳ ದಿನ ಒಪ್ಪದೆ, ಕೊನೆಗೆ ತಲೆಯಾಡಿಸಿದಳು.

ಮಟಮಟ ಮಧ್ಯಾಹ್ನ. ಗುಂಡಿ ತೋಡಿ ಆಗಿತ್ತು, ಮಠದ ಅಯ್ನೋರು ಇನ್ನೂ ಬಂದಿರಲಿಲ್ಲ. ಪಕ್ಕದಲ್ಲೇ ಬತ್ತಿ ಹೋದ ಬೋರು. ಅದರ ಮೋಟಾರನ್ನು ನಾನೇ ಎತ್ತಿ ಮೂರು ವರ್ಷವಾಗಿತ್ತು. ಬೋರಿನ ಬಾಯಿಗೆ ಇಳಿಸಿದ ಕೇಸಿಂಗ್ ಪೈಪು ಕಂಡರೆ ಕಿವಿಯಿಡುವುದು ನಮ್ಮ ಕಸುಬಿನ ಚಾಳಿ. ಸುಮ್ಮನೆ ಇಟ್ಟೆ. ಆಳದಿಂದ ಟಣ್ ಎಂದಿತು. ಒಂದು ಉಸಿರಿನಷ್ಟು ಬಿಡುವು. ಮತ್ತೆ ಟಣ್. ನೀರು ತೊಟ್ಟಿಕ್ಕುವ ಸದ್ದು ನನಗೆ ಗೊತ್ತು. ಇದು ಅದಲ್ಲ.

ನನ್ನ ಮುಖ ನೋಡಿ ದೊಡ್ಡಮ್ಮ ಬಂದು ತಾನೂ ಕಿವಿಯಿಟ್ಟಳು. ಬಹಳ ಹೊತ್ತು ತಲೆ ಎತ್ತಲಿಲ್ಲ.

"ನಿನ್ ದೊಡ್ಡಪ್ಪ ರಜಕ್ಕೆ ಬಂದಾಗ ಬಾಯಲ್ಲೇ ಮಾಡಿ ತೋರಿಸ್ತಿದ್ರು ಕಣೋ, ಸಮುದ್ರದೊಳಕ್ಕೆ ಬಿಡೋ ಸದ್ದು ಹಿಂಗಿರ್ತದೆ ಅಂತ," ಅಂದಳು. ಆಮೇಲೆ ನನ್ನ ಕೈ ಹಿಡಿದು ಕೇಳಿದಳು: "ನಿಂಗೂ ಕೇಳಿಸ್ತೇನೋ, ಇಲ್ಲ ನಂಗೊಬ್ಳಿಗೇನಾ?"

ಇಲ್ಲ ಅಂದಿದ್ದರೆ ಅವಳು ಕಾಯುವುದು ಆವತ್ತಿಗೇ ಮುಗಿಯುತ್ತಿತ್ತು.

"ಕೇಳಿಸ್ತು ದೊಡ್ಡಮ್ಮ," ಅಂದೆ.

ಅವಳು ಲಿಂಗವನ್ನು ಸೆರಗಿನಲ್ಲಿ ಕಟ್ಟಿಕೊಂಡು, ಗುಂಡಿ ಮುಚ್ಚಲು ಹೇಳಿ ಮನೆಗೆ ನಡೆದಳು. ಹಿರಿಯರು ನನಗೆ ಚೆನ್ನಾಗಿ ಬೈದರು.

ಮಾರನೆಯ ದಿನ ಬೋರಿಗೆ ಕ್ಯಾಮೆರಾ ಇಳಿಸಿ ನೋಡಿದೆ. ಒಣ ಕಲ್ಲು ಬಿಟ್ಟರೆ ಏನೂ ಇರಲಿಲ್ಲ. ಅದೇನೆಂದು ಇವತ್ತಿಗೂ ನನಗೆ ಗೊತ್ತಾಗಿಲ್ಲ. ದೊಡ್ಡಮ್ಮ ಆಮೇಲೂ ಆರು ವರ್ಷ ಬದುಕಿದಳು. ಬಾಗಿಲು ಸದ್ದಾದಾಗಲೆಲ್ಲ ತಿರುಗಿ ನೋಡುತ್ತಿದ್ದಳು. ನಾನು ಹೇಳಿದ್ದು ನಿಜವನ್ನೇ. ಆದರೂ ಆ ಆರು ವರ್ಷಗಳನ್ನು ನೆನೆದರೆ, ಆವತ್ತು ಸುಳ್ಳು ಹೇಳಬೇಕಿತ್ತೇನೋ ಅನ್ನಿಸುತ್ತದೆ.