ದೊಡ್ಡಪ್ಪನನ್ನು ಹುಡುಕಿಕೊಂಡು ಬಂದವರು

ಹೊಸ ಫ್ಲೆಕ್ಸ್ ಬ್ಯಾನರಿಗೆ ಒಂದು ಘಾಟು ಇರುತ್ತದೆ. ರಬ್ಬರೂ ಬಣ್ಣವೂ ಬೆರೆತು, ಬಿಸಿಲಿಗೆ ಕಾದಷ್ಟೂ ಗಂಟಲಿಗೆ ಇಳಿಯುವ ಘಾಟು. ಹೋದ ತಿಂಗಳು ದೊಡ್ಡಬಳ್ಳಾಪುರದ ಒಂದು ಸಮುದಾಯ ಭವನದ ಬಾಗಿಲಲ್ಲಿ, ಎರಡಾಳೆತ್ತರದ ನನ್ನ ದೊಡ್ಡಪ್ಪನ ಕೆಳಗೆ ನಿಂತಾಗ ಅದು ಮೂಗಿಗೆ ಬಡಿಯಿತು. ಬಿಳಿ ಸಮವಸ್ತ್ರ, ಎದೆಯ ಮೇಲೆ ಚಿನ್ನದ ಬಣ್ಣದ ರೆಕ್ಕೆ, ಹಿಂದುಗಡೆ ಯಾರೋ ಕಂಪ್ಯೂಟರಿನಲ್ಲಿ ತಂದು ಅಂಟಿಸಿದ ಯುದ್ಧವಿಮಾನ. ದೊಡ್ಡಪ್ಪ ಜನ್ಮದಲ್ಲಿ ಯುದ್ಧವಿಮಾನ ಹಾರಿಸಿದವರಲ್ಲ. ನೌಕಾಪಡೆಯಲ್ಲಿ ಹೆಲಿಕಾಪ್ಟರ್ ಹಾರಿಸಿದವರು. ಅದನ್ನು ಕೇಳಿ ತಿಳಿಯುವ ವ್ಯವಧಾನ ಯಾರಿಗೂ ಇರಲಿಲ್ಲ. ‘ನಮ್ಮೂರ ಹೆಮ್ಮೆ, ವೀರಯೋಧ ಕಮಾಂಡರ್ ರಾಮಲಿಂಗಪ್ಪ’ ಎಂಬ ಅಕ್ಷರಗಳ ಕೆಳಗೆ, ಅವರನ್ನು ಒಮ್ಮೆಯೂ ಕಣ್ಣಾರೆ ಕಾಣದ ಹತ್ತು ಹನ್ನೆರಡು ಜನರ ನಗುಮುಖಗಳು ಸಾಲಾಗಿ ಕೂತಿದ್ದವು. ನಿಮ್ಮ ಮನೆಯಲ್ಲೂ ಇಂಥ ಒಬ್ಬರು ಇದ್ದಿರಬಹುದು. ಬದುಕಿದ್ದಾಗ ಮೂಲೆಗೆ, ಸತ್ತ ಮೇಲೆ ಫ್ಲೆಕ್ಸಿಗೆ. ನನಗೆ ಸಿಟ್ಟು ನೆತ್ತಿಗೇರಿತ್ತು. ಆದರೂ ಆ ಘಾಟು ನನ್ನನ್ನು ಕೈ ಹಿಡಿದು ಬೇರೆಲ್ಲಿಗೋ ಕರೆದೊಯ್ಯಿತು. ನಮ್ಮ ಹಳೆಯ ಮನೆಯ ನಡುಮನೆಯ ಗೋಡೆಯಲ್ಲಿ ಒಂದು ಮೊಳೆಗೆ ಕಿತ್ತಳೆ ಬಣ್ಣದ ಒಂದು ಅಂಗಿ ನೇತಾಡುತ್ತಿತ್ತು. ಸಮುದ್ರದಲ್ಲಿ ಬಿದ್ದರೆ ತೇಲಿಸುವ ಜಾಕೆಟ್. ಹಳೆಯದಾಗಿ ಕೆಲಸಕ್ಕೆ ಬಾರದೆ ಹೋಗಿದ್ದನ್ನು ದೊಡ್ಡಪ್ಪ ಮನೆಗೆ ತಂದಿದ್ದರು. ಮುಖ ಒತ್ತಿದರೆ ಇದೇ ಘಾಟು. ಕಡಲನ್ನೇ ಕಾಣದ ನಾನು, ಕಡಲೆಂದರೆ ಹೀಗೇ ಮೂಗಿಗೆ ಬರುತ್ತದೆ ಎಂದು ಎಷ್ಟೋ ವರ್ಷ ನಂಬಿದ್ದೆ.

ನಮ್ಮದು ನೇಕಾರರ ಮನೆ. ಮುಂದೆ ಜಗಲಿ, ಒಳಗೆ ಉದ್ದನೆಯ ನಡುಮನೆ, ಹಿಂದೆ ತಗಡಿನ ಶೆಡ್ಡಿನಲ್ಲಿ ಅಪ್ಪನ ನಾಲ್ಕು ಪವರ್‌ಲೂಮ್. ಬೆಳಿಗ್ಗೆ ಕರೆಂಟು ಬಂದ ಗಳಿಗೆಯಿಂದ ಮನೆಯ ನೆಲವೇ ನಡುಗುತ್ತಿತ್ತು. ಲೋಟದಲ್ಲಿಟ್ಟ ನೀರಿನ ಮೇಲೂ ಸಣ್ಣ ಸಣ್ಣ ಉಂಗುರ ಏಳುತ್ತಿದ್ದವು. ಮಾತಾಡಬೇಕೆಂದರೆ ಕಿರುಚಬೇಕು, ಹಾಗಾಗಿ ನಮ್ಮ ಮನೆಯವರೆಲ್ಲರದ್ದೂ ದೊಡ್ಡ ಗಂಟಲು. ದೊಡ್ಡಪ್ಪ ಒಬ್ಬರೇ ಮೆಲ್ಲಗೆ ಮಾತಾಡುತ್ತಿದ್ದವರು. ನಡುಮನೆಯ ಒಂದು ಮೂಲೆಯಲ್ಲಿ, ನೆಲದಲ್ಲಿ ಗುಂಡಿ ತೋಡಿ ಕೂರಿಸಿದ ತಾತನ ಕಾಲದ ಕೈಮಗ್ಗ ಉಳಿದುಕೊಂಡಿತ್ತು. ನನಗೆ ಒಂಬತ್ತು ವರ್ಷವಾಗಿದ್ದಾಗ, ಒಂದು ಕಬ್ಬಿಣದ ಟ್ರಂಕು ಹಿಡಿದು ನಿವೃತ್ತರಾಗಿ ಬಂದ ದೊಡ್ಡಪ್ಪ ಎರಡನೆಯ ದಿನವೇ ಆ ಗುಂಡಿಗೆ ಕಾಲು ಇಳಿಬಿಟ್ಟು ಕೂತರು. ಮೂವತ್ತು ವರ್ಷ ಮುಟ್ಟದಿದ್ದ ಲಾಳಿ ಮೊದಲ ವಾರವೆಲ್ಲ ಅವರ ಕೈ ತಪ್ಪಿ ಬೀಳುತ್ತಿತ್ತು. ಆಮೇಲೆ ಬೀಳಲಿಲ್ಲ. ‘ಹೆಲಿಕಾಪ್ಟರ್ ಹಾರ್ಸೋದು ಕಷ್ಟಾನಾ ದೊಡ್ಡಪ್ಪ?’ ಎಂದು ಕೇಳಿದ್ದೆ. ‘ಮಗ್ಗ ನೇಯ್ದೋನಿಗೆ ಏನ್ ಕಷ್ಟ ಪುಟ್ಟಿ? ಎರಡ್ ಕೈಗೂ ಬೇರೆಬೇರೆ ಕೆಲಸ, ಎರಡ್ ಕಾಲಿಗೂ ಬೇರೆಬೇರೆ ಕೆಲಸ, ಕಣ್ಣು ಮಾತ್ರ ಎದುರಿಗೆ. ನಮ್ಮ ಮೇಷ್ಟ್ರು ಕೇಳಿದ್ರು, ನಿನ್ ಕಾಲು ಇಷ್ಟು ಹದವಾಗಿ ಯಾಕ್ ಕೆಲಸ ಮಾಡ್ತವೆ ಅಂತ. ನಮ್ಮಪ್ಪ ಕಲಿಸಿದ್ದು ಸಾರ್ ಅಂದೆ’ ಎಂದು ನಕ್ಕಿದ್ದರು.

ಅವರ ಕಥೆಯನ್ನು ನಾನು ಕೇಳಿದ್ದು ತುಂಡುತುಂಡಾಗಿ, ಬಹುಪಾಲು ಅಜ್ಜಿಯ ಬಾಯಿಂದ. ನೇಕಾರರ ಕೇರಿಯಿಂದ ನೌಕಾಪಡೆಯ ಅಧಿಕಾರಿಯಾದ ಮೊದಲ ಹುಡುಗ. ಕೊಚ್ಚಿಯಲ್ಲಿ ತರಬೇತಿ ಮುಗಿಸಿ, ಎದೆಗೆ ರೆಕ್ಕೆಯ ಬಿಲ್ಲೆ ಸಿಕ್ಕಿಸಿಕೊಂಡು ರಜೆಗೆ ಬಂದಾಗ ಕೇರಿಯವರು ವಾದ್ಯ ಊದಿಸಿ ಮೆರವಣಿಗೆ ಮಾಡಿದ್ದರಂತೆ. ಆಗಿನ್ನೂ ಶಾಲೆಯಲ್ಲಿದ್ದ ಅಪ್ಪ, ಅಣ್ಣನ ಫೋಟೊವನ್ನು ಎದೆಗವಚಿಕೊಂಡು ಎಲ್ಲರಿಗಿಂತ ಮುಂದೆ ನಡೆದಿದ್ದನಂತೆ. ‘ನಮ್ಮಣ್ಣ ಅಡ್ಮಿರಲ್ ಆಗ್ತಾನೆ’ ಎಂದು ಊರಲ್ಲೆಲ್ಲ ಹೇಳಿಕೊಂಡು ತಿರುಗಿದ್ದೂ ಅಪ್ಪನೇ. ದೊಡ್ಡಪ್ಪ ಹಡಗಿನ ಮೇಲಿಂದ ಹಾರಿದರು, ಗೋವಾದಲ್ಲಿ ಹೊಸಬರಿಗೆ ಹಾರುವುದನ್ನು ಕಲಿಸಿದರು, ಕಮಾಂಡರ್ ಆದರು. ಆಮೇಲೆ ಒಂದು ಮಳೆಗಾಲ ಬಂತು.

ಅದನ್ನು ಮಾತ್ರ ದೊಡ್ಡಪ್ಪನೇ ನನಗೆ ಹೇಳಿದ್ದು, ಲಾಳಿ ಓಡಿಸುತ್ತಲೇ. ಬಿರುಗಾಳಿಗೆ ಸಿಕ್ಕಿದ ಒಂದು ಮೀನುಗಾರರ ದೋಣಿ ಕಡಲಲ್ಲಿ ಒಡೆದುಹೋಗಿತ್ತು. ಏಳು ಜನ. ಹಗ್ಗ ಇಳಿಬಿಟ್ಟು ಐವರನ್ನು ಮೇಲೆತ್ತುವ ಹೊತ್ತಿಗೆ ಇಂಧನ ಮುಗಿಯುತ್ತ ಬಂದಿತ್ತು. ಗಾಳಿ ಇನ್ನೂ ಕೆಟ್ಟಿತು. ತಕ್ಷಣ ಹಿಂದಿರುಗಬೇಕೆಂದು ರೇಡಿಯೊದಲ್ಲಿ ಆಜ್ಞೆ ಬಂತು. ‘ಇನ್ನಿಬ್ಬರು ಇದ್ದರು. ಒಬ್ಬ ಹಲಗೆ ಬಿಡ್ತಾನೇ ಇರ್ಲಿಲ್ಲ. ಹಗ್ಗ ಕಂಡ್ರೂ ಅವನಿಗೆ ಕೈ ಬಿಡೋಕೆ ಭಯ. ಅವನ ಕೈ ಹಲಗೆ ಬಿಡೋವರೆಗೂ ನಾನು ಅಲ್ಲೇ ನಿಂತಿದ್ದೆ ಪುಟ್ಟಿ, ಗಾಳೀಲಿ.’ ಇಬ್ಬರನ್ನೂ ಎತ್ತಿಕೊಂಡರು. ದಡ ಕಣ್ಣಿಗೆ ಕಾಣುತ್ತಿರುವಾಗ ಎಂಜಿನ್ ನಿಂತಿತು. ಎದೆಮಟ್ಟದ ನೀರಿನಲ್ಲಿ ಹೆಲಿಕಾಪ್ಟರನ್ನು ಇಳಿಸಿದರು. ಒಳಗಿದ್ದವರೆಲ್ಲ ಉಳಿದರು, ಹೆಲಿಕಾಪ್ಟರ್ ಅಲೆಗೆ ಸಿಕ್ಕಿ ನುಚ್ಚುನೂರಾಯಿತು. ವಿಚಾರಣೆಯಲ್ಲಿ ದೊಡ್ಡಪ್ಪ ಒಂದು ಮಾತನ್ನೂ ಮುಚ್ಚಿಡಲಿಲ್ಲ. ಆಜ್ಞೆ ಕೇಳಿಸಿತ್ತು, ಕೇಳಿಸಿಯೂ ನಿಂತೆ ಎಂದರು. ಅಲ್ಲಿಂದಾಚೆ ಅವರಿಗೆ ಹಾರಾಟವಿಲ್ಲ, ಬಡ್ತಿಯಿಲ್ಲ. ಉಳಿದ ವರ್ಷಗಳು ಮೇಜಿನ ಮುಂದೆ ಕಳೆದವು. ‘ಅವರು ಮಾಡಿದ್ದು ಅನ್ಯಾಯ ಅಲ್ವಾ?’ ಎಂದೆ. ‘ಇಲ್ಲ ಕಣಮ್ಮ. ಒಳಗೆ ನನ್ ಜೊತೆಗಿದ್ದೋರ ಜೀವಾನೂ ಪಣಕ್ಕಿಟ್ಟಿದ್ದೆ. ಅವರು ಮಾಡಿದ್ದು ಸರಿ. ನಾನು ಮಾಡಿದ್ದೂ ಸರಿ’ ಎಂದರು. ಲಾಳಿಯನ್ನು ಮತ್ತೊಮ್ಮೆ ಓಡಿಸಿ, ‘ಆ ಇಬ್ಬರ ಹೆಸರು ಕೇಳೋಕೂ ಆಗ್ಲಿಲ್ಲ. ಬದುಕಿದಾರೋ, ಮತ್ತೆ ಕಡಲಿಗೇ ಹೋದ್ರೋ’ ಎಂದರು.

ನೌಕಾಪಡೆಯ ಮೇಲೆ ಅವರಿಗಿಲ್ಲದ ಸಿಟ್ಟು ನನಗೂ ಇಲ್ಲ. ನನ್ನ ಸಿಟ್ಟೆಲ್ಲ ನಮ್ಮ ಮನೆಯ ಮೇಲೆ, ನಮ್ಮ ಕೇರಿಯ ಮೇಲೆ. ಮೆರವಣಿಗೆ ಮಾಡಿದ ಬಾಯಿಗಳೇ ಅವರಿಗೆ ‘ವಿಮಾನ ಮುಳುಗ್ಸಿದೋನು’ ಎಂದು ಹೆಸರಿಟ್ಟವು. ತಡವಾಗಿ ನಿಶ್ಚಯವಾಗಿದ್ದ ಹೆಣ್ಣಿನ ಮನೆಯವರು ಸಂಬಂಧ ಮುರಿದುಕೊಂಡರು. ದೊಡ್ಡಪ್ಪ ಮತ್ತೆ ಮದುವೆಯ ಮಾತೆತ್ತಲಿಲ್ಲ. ಅಪ್ಪನಿಗಂತೂ ಅಣ್ಣ ತನಗೇ ಮೋಸ ಮಾಡಿದ ಹಾಗಾಗಿತ್ತು. ಅಡ್ಮಿರಲ್ ಆಗಬೇಕಿದ್ದವನು ಬಂದು ತನ್ನ ನಡುಮನೆಯಲ್ಲಿ ಲಾಳಿ ಎಸೆಯುತ್ತ ಕೂತಿದ್ದಾನೆ! ‘ಯಾರೋ ಗೊತ್ತಿಲ್ದೇ ಇರೋ ಬೆಸ್ತರಿಗೋಸ್ಕರ ಕೆಲಸಾನೇ ಹಾಳ್ಮಾಡ್ಕೊಂಡ’ ಎಂದು ಊಟಕ್ಕೆ ಕೂತಾಗಲೆಲ್ಲ, ಅಣ್ಣನಿಗೆ ಕೇಳುವ ಹಾಗೆ ಅಜ್ಜಿಗೆ ಹೇಳುತ್ತಿದ್ದ. ದೊಡ್ಡಪ್ಪ ತಲೆ ತಗ್ಗಿಸಿ ಮುದ್ದೆ ಮುರಿಯುತ್ತಿದ್ದರು. ಸಂಜೆ ನನ್ನನ್ನು ಮಾಳಿಗೆಗೆ ಕರೆದುಕೊಂಡು ಹೋಗಿ ಗಾಳಿ ಯಾವ ಕಡೆಯಿಂದ ಬೀಸುತ್ತಿದೆ, ಯಾವ ಮೋಡ ಮಳೆ ತರುತ್ತದೆ, ಯಾವುದು ಬರೀ ಬೆದರಿಸಿ ಹೋಗುತ್ತದೆ ಎಂದು ತೋರಿಸುತ್ತಿದ್ದರು. ಇವತ್ತು ನಾನು ದೇವನಹಳ್ಳಿಯ ಶಾಲೆಯೊಂದರಲ್ಲಿ ಭೂಗೋಳ ಪಾಠ ಮಾಡುತ್ತಿದ್ದರೆ ಅದು ಆ ಮಾಳಿಗೆಯ ಮೇಲೆ ಕಲಿತದ್ದು.

ಈಗ ನಾನು ಹೇಳಲೇಬೇಕಾದ ಮಾತಿಗೆ ಬರುತ್ತೇನೆ. ನನಗೆ ಹನ್ನೆರಡು ವರ್ಷ. ಅಪ್ಪನ ಕಿರಿಯ ತಂಗಿಯನ್ನು, ಅಂದರೆ ನನ್ನ ಅತ್ತೆಯನ್ನು ನೋಡಲು ಹೊಸಕೋಟೆಯಿಂದ ಗಂಡಿನವರು ಬರುವವರಿದ್ದರು. ‘ನಮ್ಮಣ್ಣ ನೇವೀಲಿ ದೊಡ್ಡ ಆಫೀಸರ್ರು, ದಿಲ್ಲೀಲಿದಾರೆ’ ಎಂದು ಅಪ್ಪ ಅವರಿಗೆ ಮೊದಲೇ ಹೇಳಿಬಿಟ್ಟಿದ್ದ. ಆ ಬೆಳಿಗ್ಗೆ ಚೀಲ ಕೊಟ್ಟು, ‘ಕುಂದಾಣಕ್ಕೆ ಹೋಗಿ ರಾಗಿ ತಂದ್ಬಿಡಣ್ಣ, ಸಂಜೆ ಮೇಲೆ ಬಂದ್ರೆ ಸಾಕು’ ಎಂದ. ದೊಡ್ಡಪ್ಪನಿಗೆ ಅರ್ಥವಾಗಿರಲೇಬೇಕು. ಏನೂ ಕೇಳದೆ ಚೀಲ ಮಡಚಿ ಕಂಕುಳಲ್ಲಿಟ್ಟುಕೊಂಡು ಬಸ್ ಸ್ಟ್ಯಾಂಡಿನ ಕಡೆ ನಡೆದರು.

ಮಧ್ಯಾಹ್ನ ಗಂಡಿನವರು ನಡುಮನೆಯಲ್ಲಿ ಉಪ್ಪಿಟ್ಟು ತಿನ್ನುತ್ತಿದ್ದಾಗ ಬಾಗಿಲಲ್ಲಿ ಯಾರೋ ಕರೆದರು. ಅಪ್ಪನ ಹಿಂದೆ ನಾನೂ ಹೋದೆ. ನಲವತ್ತರ ಆಸುಪಾಸಿನ ಒಬ್ಬ ಮನುಷ್ಯ, ಪಕ್ಕದಲ್ಲಿ ಅವನ ಹೆಂಡತಿ. ಬಿಸಿಲಿಗೆ ಸುಟ್ಟ ಮುಖ, ತೊಳೆದು ಮಡಿಕೆ ಹಾಕಿದ ಅಂಗಿ. ಕೈಯಲ್ಲೊಂದು ಬಟ್ಟೆಯ ಗಂಟು. ಗಂಟಿನಿಂದ ಒಣಮೀನಿನ ವಾಸನೆ ಬರುತ್ತಿತ್ತು, ನಮ್ಮದೋ ಮೊಟ್ಟೆಯನ್ನೂ ಒಳಗೆ ತರದ ಮನೆ. ‘ಇದು ಕಮಾಂಡರ್ ರಾಮಲಿಂಗಪ್ಪನವರ ಮನೆ ಅಲ್ವಾ?’ ಎಂದ ಆತ. ‘ಕಡಲಲ್ಲಿ ನನ್ನನ್ನು ಎತ್ತಿದವರು ಅವರು. ಆಗ ನನ್ನ ಮಗಳಿಗೆ ಒಂಬತ್ತು ವರ್ಷ. ಈಗ ಅವಳ ಮದುವೆ. ಅವರ ವಿಳಾಸ ಹುಡುಕಲಿಕ್ಕೇ ನಮಗೆ ಇಷ್ಟು ದಿನ ಬೇಕಾಯ್ತು. ಒಮ್ಮೆ ಬಂದು ಅಕ್ಷತೆ ಹಾಕಿದ್ರೆ ಸಾಕು.’ ಎರಡೂ ಕೈಯಲ್ಲಿ ಲಗ್ನಪತ್ರಿಕೆ ಹಿಡಿದು ಚಾಚಿದ. ಆ ಕೈಗಳನ್ನೇ ನಾನು ನೋಡುತ್ತ ನಿಂತೆ.

ಅಪ್ಪ ಒಳಗೊಮ್ಮೆ ತಿರುಗಿ ನೋಡಿದ. ದನಿ ತಗ್ಗಿಸಿ, ‘ಅಂಥೋರು ಇಲ್ಲಿ ಯಾರೂ ಇಲ್ಲ. ಹಿಂದೆ ಇದ್ರಂತೆ, ಮನೆ ಬಿಟ್ಟು ಹೋದ್ರು. ಎಲ್ಲಿಗೆ ಅಂತ ನಮಗ್ಗೊತ್ತಿಲ್ಲ’ ಎಂದ. ಆ ಹೆಂಗಸು ನನ್ನ ಕಡೆ ನೋಡಿದಳು. ಮಕ್ಕಳು ಸುಳ್ಳು ಹೇಳುವುದಿಲ್ಲ ಎಂದು ಅವಳು ನಂಬಿದ್ದಳೋ ಏನೋ. ‘ಹೌದಾ ಮಗಾ?’ ಎಂದಳು. ನಾನು ತಲೆಯಾಡಿಸಿದೆ. ಹೌದು ಎಂದು. ಬೆದರಿದೆ, ಚಿಕ್ಕವಳಿದ್ದೆ ಎಂದೆಲ್ಲ ನನಗೆ ನಾನೇ ಬೇಕಾದಷ್ಟು ಸಮಾಧಾನ ಹೇಳಿಕೊಂಡಿದ್ದೇನೆ. ಯಾವುದೂ ನಿಲ್ಲುವುದಿಲ್ಲ. ಗಂಡಹೆಂಡತಿ, ‘ಎಲ್ಲಾದ್ರೂ ಸಿಕ್ಕಿದ್ರೆ ಕೊಡಿ’ ಎಂದು ಪತ್ರಿಕೆಯನ್ನೂ ಗಂಟನ್ನೂ ಜಗಲಿಯ ಮೇಲಿಟ್ಟು, ಬಂದ ದಾರಿಯಲ್ಲೇ ಹೋದರು. ಅಪ್ಪ ಗಂಟನ್ನು ಎರಡು ಬೆರಳಲ್ಲಿ ಎತ್ತಿ ಚರಂಡಿಗೆ ಹಾಕಿದ. ಪತ್ರಿಕೆ ಹಿಡಿದು ಹಿತ್ತಲಿಗೆ ಹೋದ. ನೂಲಿಗೆ ಗಂಜಿ ಕಾಯಿಸುವ ಒಲೆ ಅಲ್ಲಿ ಉರಿಯುತ್ತಿತ್ತು. ತಿರುಗಿ ಬಂದು ನನ್ನ ಕಿವಿ ಹಿಡಿದು, ‘ಬಾಯಿ ಬಿಟ್ರೆ ನೋಡು’ ಎಂದ.

ಸಂಜೆ ದೊಡ್ಡಪ್ಪ ರಾಗಿ ಹೊತ್ತು ಬಂದರು. ಜಗಲಿಯ ಹತ್ತಿರ ನಿಂತು ಮೂಸಿ ನೋಡಿದರು. ಅವರ ಮುಖ ಅಷ್ಟು ಬೆಳಗಿದ್ದನ್ನು ನಾನು ಹಿಂದೆಂದೂ ಕಂಡಿರಲಿಲ್ಲ. ‘ಇದೇನು, ಕಡಲ ಮೀನಿನ ವಾಸನೆ ಬರ್ತಿದೆಯಲ್ಲ?’ ‘ಚರಂಡಿ ಕಟ್ಕೊಂಡಿದೆ’ ಎಂದ ಅಪ್ಪ. ದೊಡ್ಡಪ್ಪ ನನ್ನ ಕಡೆ ತಿರುಗಿದರು. ನಾನು ಪುಸ್ತಕದೊಳಗೆ ಮುಖವಿಟ್ಟೆ.

ಅತ್ತೆಯ ಸಂಬಂಧ ಆ ಸಲ ಕುದುರಲಿಲ್ಲ. ಆರು ವರ್ಷದ ನಂತರ, ನಾನು ಬೆಂಗಳೂರಿನ ಹಾಸ್ಟೆಲಿನಲ್ಲಿದ್ದಾಗ, ದೊಡ್ಡಪ್ಪ ಮಗ್ಗದ ಮುಂದೆ ಕೂತಲ್ಲೇ ಕುಸಿದು ತೀರಿಕೊಂಡರು. ಆರು ವರ್ಷದಲ್ಲಿ ನಾನು ಹೇಳಬಹುದಾಗಿದ್ದ ಸಂಜೆಗಳು ಎಷ್ಟು! ಹಾಸ್ಟೆಲಿಗೆ ಸೇರಿದ ಮೇಲೂ ಪ್ರತಿ ರಜೆಗೆ ಈ ಸಲ ಹೇಳುತ್ತೇನೆ ಎಂದುಕೊಂಡು ಹೋಗುತ್ತಿದ್ದೆ. ಅಪ್ಪನ ಮೇಲೆ ಅವರಿಗೆ ಉಳಿದಿದ್ದ ಅಷ್ಟಿಷ್ಟು ಪ್ರೀತಿಯೂ ಹೋದೀತೆಂದು ಹೆದರಿ ಬಾಯಿ ಕಟ್ಟುತ್ತಿತ್ತು. ಅವರು ಹೋದ ವರ್ಷವೇ ಕೈಮಗ್ಗ ಸೌದೆಯಾಯಿತು, ಗುಂಡಿಗೆ ಮಣ್ಣು ಬಿತ್ತು. ಟ್ರಂಕು ಹಳೇ ಕಬ್ಬಿಣದವನ ಗಾಡಿ ಹತ್ತಿತು. ಅಜ್ಜಿ ಹೋದಳು, ಅಮ್ಮ ಹೋದಳು, ಪವರ್‌ಲೂಮುಗಳೂ ಹೋದವು. ಮನೆಯನ್ನು ಉರುಳಿಸಿ ಮೂರು ಅಂತಸ್ತಿನ ಅಂಗಡಿ ಕಟ್ಟಿದ್ದಾರೆ. ನಾಲ್ಕು ವರ್ಷದಿಂದ ಅಪ್ಪ ದೇವನಹಳ್ಳಿಯಲ್ಲಿ ನನ್ನ ಜೊತೆಗಿದ್ದಾನೆ. ಎಂಬತ್ತು ದಾಟಿದೆ.

ಹೋದ ತಿಂಗಳು ಆ ಸಮುದಾಯ ಭವನದ ಮಹಡಿಯ ಸಭಾಂಗಣಕ್ಕೆ ದೊಡ್ಡಪ್ಪನ ಹೆಸರಿಡುತ್ತೇವೆ, ತಮ್ಮನವರು ಬಂದು ನಾಲ್ಕು ಮಾತಾಡಬೇಕು ಎಂದು ಕರೆದಿದ್ದರು. ಅಪ್ಪ ಹೊಸ ಪಂಚೆ ಉಟ್ಟು ಮೈಕಿನ ಮುಂದೆ ನಿಂತ. ಚೆನ್ನಾಗಿಯೇ ಮಾತಾಡಿದ. ಬಿರುಗಾಳಿಯ ಕಥೆ ಹೇಳಿದ. ಆಜ್ಞೆ ಮೀರಿದ್ದನ್ನು ಹೆಮ್ಮೆಯಿಂದ ಹೇಳಿದ. ಆಮೇಲೆ, ‘ಕಡಲ ಕಡೆಯಿಂದ ಜನ ಹುಡುಕ್ಕೊಂಡು ಬಂದ್ರು ಸ್ವಾಮಿ ನಮ್ಮನೆಗೆ! ಒಳಕ್ಕೆ ಕರೆದು ಕೂರಿಸಿ, ಎಲೆ ಹಾಕಿ ಊಟ ಬಡಿಸಿ ಕಳಿಸ್ದೋ’ ಎಂದ. ಜನ ಚಪ್ಪಾಳೆ ತಟ್ಟಿದರು. ನಾನು ಎದ್ದು ನಿಂತಿದ್ದು ನನಗೇ ತಿಳಿಯಲಿಲ್ಲ.

‘ಅಪ್ಪಾ, ಸುಳ್ಳು ಹೇಳ್ಬೇಡ’ ಎಂದೆ. ನೇಕಾರರ ಮನೆಯ ಗಂಟಲು, ಮೈಕು ಬೇಕಾಗಲಿಲ್ಲ. ‘ಅವ್ರಿಗೆ ಒಂದ್ ಲೋಟ ನೀರೂ ಕೊಡ್ಲಿಲ್ಲ. ಅಂಥೋರು ಯಾರೂ ಇಲ್ಲ ಅಂತ ಬಾಗಿಲಿಂದ್ಲೇ ಓಡ್ಸಿದ್ವಿ. ನೀನು ಹೇಳ್ದೆ, ನಾನು ತಲೆಯಾಡ್ಸಿದೆ. ದೊಡ್ಡಪ್ಪ ಸಾಯೋವರ್ಗೂ ಅವ್ರಿಗೆ ಗೊತ್ತಾಗ್ಲಿಲ್ಲ.’ ವೇದಿಕೆಯ ಮೇಲಿದ್ದ ಯಾರೋ ಕೆಮ್ಮಿ, ‘ಅಮ್ಮಾವ್ರು ಭಾವುಕರಾಗಿದಾರೆ, ಪರವಾಗಿಲ್ಲ, ಎಲ್ರೂ ಊಟ ಮಾಡ್ಕೊಂಡೇ ಹೋಗ್ಬೇಕು’ ಎಂದರು. ಕುರ್ಚಿಗಳು ಸದ್ದು ಮಾಡಿದವು. ಎಲ್ಲರೂ ಊಟಕ್ಕೆದ್ದರು. ಇಷ್ಟು ವರ್ಷ ನನ್ನ ಎದೆಯೊಳಗೆ ಕೊಳೆತ ಮಾತು, ಅವರಿಗೆ ಎಲೆ ಹಾಕುವಷ್ಟು ಹೊತ್ತೂ ನಿಲ್ಲಲಿಲ್ಲ.

ನಾವಿಬ್ಬರೂ ಊಟ ಮಾಡದೆ ಹೊರಟೆವು. ಕಾರಿನಲ್ಲಿ ಅಪ್ಪ ಬೈಯುತ್ತಾನೆ ಎಂದು ಕಾಯುತ್ತಿದ್ದೆ. ಬೈದರೆ ಇನ್ನಷ್ಟು ಹೇಳಲು ನನ್ನ ಬಳಿ ಮಾತಿದ್ದವು. ಊರು ದಾಟಿದ ಮೇಲೆ, ಕಿಟಕಿಯ ಕಡೆ ಮುಖ ಮಾಡಿಕೊಂಡೇ, ‘ಆ ಕಾರ್ಡು ಓದಿದ್ದೆ ಕಣೇ’ ಎಂದ. ‘ಒಲೆಗೆ ಹಾಕೋಕ್ ಮುಂಚೆ ಪೂರ್ತಿ ಓದಿದ್ದೆ.’

‘ಏನಿತ್ತು?’

‘ಮೇಲ್ಗಡೆ ದೇವರ ಹೆಸರು ಹಾಕ್ತಾರಲ್ಲ, ಆ ಜಾಗದಲ್ಲಿ ಅಣ್ಣನ ಹೆಸರು ಹಾಕ್ಸಿದ್ರು.’

ಗಾಡಿಯನ್ನು ಪಕ್ಕಕ್ಕೆ ತೆಗೆದು ನಿಲ್ಲಿಸಿದೆ. ‘ಯಾವೂರಪ್ಪ ಅವ್ರದ್ದು? ಹೆಸರೇನು?’ ಎಂದು ಕೇಳಿದೆ. ಅಪ್ಪ ಕಣ್ಣು ಮುಚ್ಚಿಕೊಂಡ. ತುಟಿ ಏನನ್ನೋ ಹುಡುಕುವ ಹಾಗೆ ಅಲ್ಲಾಡಿತು. ‘ಮರ್ತೋಯ್ತು’ ಎಂದ. ಆಮೇಲೆ ಎರಡೂ ಕೈಯಲ್ಲಿ ಮುಖ ಮುಚ್ಚಿಕೊಂಡು, ‘ಅದೊಂದೇ ಮರ್ತೋಯ್ತು ಮಗಾ’ ಎಂದ. ಅವನ ಬೆನ್ನ ಮೇಲೆ ಕೈಯಿಡಬೇಕೆನಿಸಿತು. ಇಡಲಿಲ್ಲ. ಇವತ್ತಿಗೂ ಇಟ್ಟಿಲ್ಲ.

ಆ ಮದುಮಗಳಿಗೆ ಈಗ ಅರವತ್ತರ ಹತ್ತಿರವಾಗಿರಬೇಕು. ಕಡಲ ತೀರದ ಯಾವುದೋ ಊರಲ್ಲಿ ಅವಳಿಗೆ ಮೊಮ್ಮಕ್ಕಳಿರಬಹುದು. ತನ್ನ ಅಪ್ಪನನ್ನು ಬದುಕಿಸಿದವರು ತನ್ನ ಮದುವೆಗೆ ಬರಲಿಲ್ಲ ಎನ್ನುವುದಷ್ಟೇ ಅವಳಿಗೆ ಗೊತ್ತು. ಅವರು ನಡೆದುಕೊಂಡಾದರೂ ಬರುತ್ತಿದ್ದರಮ್ಮಾ. ನೀವು ಕರೆದದ್ದು ಅವರ ಕಿವಿಗೆ ಬೀಳಲೇ ಇಲ್ಲ.