ಅಮ್ಮನವರಿದ್ದ ಪುಟ

ಕಲ್ಯಾಣದುರ್ಗದ ಒಂದು ಗುಡಿಯಲ್ಲಿ ನಾನು ನಲವತ್ತು ವರ್ಷ ಅಮ್ಮನವರ ಅರ್ಚನೆ ಮಾಡಿದವನು. ಪಂಚಲೋಹದ ಉತ್ಸವಮೂರ್ತಿ, ಒಂದು ಮೊಳಕ್ಕಿಂತ ತುಸು ಕಡಿಮೆ ಎತ್ತರ. ಎಡಗೈಯ ಕಿರುಬೆರಳಿನ ತುದಿ ಸವೆದುಹೋಗಿತ್ತು. ಗುಡಿಯೊಳಗಾಗಲಿ ಉತ್ಸವದಲ್ಲಾಗಲಿ ಅಮ್ಮನವರ ಚಿತ್ರ ತೆಗೆಯಬಾರದೆಂಬುದು ಹಿರಿಯರ ಕಾಲದ ಕಟ್ಟಳೆ. ಅದನ್ನು ನಾನೂ ಮೀರಲಿಲ್ಲ. ಹೀಗಾಗಿ ಮೂರ್ತಿ ಕಳವಾದಾಗ ದೂರಿಗೆ ಲಗತ್ತಿಸಲು ಒಂದು ಪಟವೂ ಇರಲಿಲ್ಲ.

ಆಮೇಲೆ ನಾನು ಹಿಂದೂಪುರದಲ್ಲಿ ಮಗಳ ಮನೆ ಸೇರಿದೆ. ಶಾಲೆಯಲ್ಲಿ ಪಾಠ ಹೇಳುವ ಆಕೆ, ಬಿಡುವಾದಾಗಲೆಲ್ಲ ಹಳೆಯ ವಿಗ್ರಹಗಳನ್ನು ಮಾರುವ ಜಾಲತಾಣಗಳಲ್ಲಿ ಹುಡುಕುತ್ತಿದ್ದಳು. ಕಾರ್ತಿಕದ ಒಂದು ಮಧ್ಯಾಹ್ನ ಫೋನನ್ನು ನನ್ನ ಮುಂದೆ ಹಿಡಿದಳು. ಪರದೇಶದ ಯಾವುದೋ ತಾಣ. ಅದರಲ್ಲಿ ನಮ್ಮ ಅಮ್ಮನವರು. ಸೀರೆಯಿಲ್ಲ, ಒಡವೆಯಿಲ್ಲ, ಹಣೆಯಲ್ಲಿ ಕುಂಕುಮವಿಲ್ಲ. ಬಿಳಿಯ ಬಟ್ಟೆಯ ಮೇಲೆ ಹಾಗೆಯೇ ನಿಲ್ಲಿಸಿದ್ದರು. ಆ ಕಿರುಬೆರಳನ್ನು ಕಂಡು ಕೈಮುಗಿದೆ; ಮರುಕ್ಷಣವೇ ಮುಖ ತಿರುಗಿಸಿದೆ.

“ಒಂದು ಫೋಟೋ ತೆಗೆದಿಟ್ಕಂತೀನಿ ಕಣಪ್ಪ, ಆಮೇಲೆ ಬೇಕಾಯ್ತದೆ” ಎಂದಳು.

“ಬ್ಯಾಡಮ್ಮ. ಸೀರೆ ಉಡಿಸ್ದೆ ಇರೋ ತಾಯಿನ ಫೋನಲ್ಲಿ ಇಟ್ಕಂಡು ತಿರುಗ್ತೀಯಾ? ಮೊದ್ಲು ಅದನ್ನ ಅಲ್ಲಿಂದ ತೆಗೆಸು.”

ಆಕೆ ಫೋಟೋ ತೆಗೆಯಲಿಲ್ಲ. ಇದು ಕಳವಿನ ಮೂರ್ತಿಯೆಂದು ಆ ತಾಣದವರಿಗೇ ದೂರು ಬರೆದು ಕಳುಹಿಸಿದಳು. ಮೂರನೆಯ ದಿನ ಉತ್ತರ ಬಂತು, ಪುಟವನ್ನು ತೆಗೆದಿದ್ದೇವೆ ಎಂದು. ತಾಯಿಯ ಮಾನ ಉಳಿಯಿತೆಂದು ತುಪ್ಪದ ದೀಪ ಹಚ್ಚಿದೆ. ಇನ್ನು ಪೊಲೀಸರಿಗೆ ತಿಳಿಸಿದರೆ ಮೂರ್ತಿಯನ್ನು ತರಿಸುವರೆಂದು ನಂಬಿ, ಮರುದಿನವೇ ಇಬ್ಬರೂ ಕಲ್ಯಾಣದುರ್ಗದ ಬಸ್ಸು ಹತ್ತಿದೆವು.

ಅಧಿಕಾರಿ ಸೌಜನ್ಯದಿಂದ ಕುಳ್ಳಿರಿಸಿ, ಪುಟ ತೋರಿಸಿ ಎಂದರು. ಮಗಳು ತೆರೆದಳು. ಮೂರ್ತಿಯ ಚಿತ್ರವಾಗಲಿ ಮಾರುವವನ ಹೆಸರಾಗಲಿ ಅಲ್ಲಿ ಉಳಿದಿರಲಿಲ್ಲ. ತಾಣದವರಿಗೆ ಮತ್ತೆ ಬರೆದು ಕೇಳುತ್ತೇನೆ ಎಂದು ಆಕೆ ತಗ್ಗಿದ ದನಿಯಲ್ಲಿ ಹೇಳಿದಳು.

“ಪಂತುಲುಗಾರೂ, ಸಿಕ್ಕಿದ್ ಒಂದು ಸಾಕ್ಷಿನೂ ನೀವೇ ಅಳಿಸ್ಬುಟ್ರಲ್ಲ” ಎಂದರು ಅಧಿಕಾರಿ. “ಈಗ ಆ ಕಳ್ಳಂಗೂ ಗೊತ್ತಾಗೋಯ್ತು. ಹೋಗ್ಲಿ, ಮೂರ್ತಿ ಹೆಂಗಿತ್ತು ಇನ್ನೊಂದ್ಸಲ ಹೇಳಿ, ಬರ್ಕಂತೀನಿ.”

ಹೇಳಿದೆ. ಅವರು ಬರೆದದ್ದನ್ನು ಓದಿದಾಗ, ಆ ಸವೆದ ಬೆರಳೊಂದನ್ನು ಬಿಟ್ಟರೆ ಅದು ಯಾವ ಊರಿನ ಅಮ್ಮನವರಿಗಾದರೂ ಹೊಂದುವಂತಿತ್ತು. ಸಹಿ ಹಾಕಿದೆ.

ಮಾರುವವರ ವಿವರ ಕೊಡಲಾಗದೆಂದು ತಾಣದವರು ಆಮೇಲೆ ಬರೆದರು. ಈಗ ಸಂಜೆಯ ಸಂಧ್ಯಾವಂದನೆ ಮುಗಿಸಿ ಮಗಳ ಪಕ್ಕದಲ್ಲಿ ನಾನೂ ಕೂರುತ್ತೇನೆ. ಎಷ್ಟೋ ಗುಡಿಗಳ ದೇವಿಯರು ಫೋನಿನಲ್ಲಿ ಒಬ್ಬರ ಹಿಂದೊಬ್ಬರು ಸರಿದುಹೋಗುತ್ತಾರೆ. ಅವರನ್ನು ಕಳೆದುಕೊಂಡ ಅರ್ಚಕರು ಎಲ್ಲಿರುವರೋ ನಾನರಿಯೆ. ನಮ್ಮ ತಾಯಿ ಮತ್ತೆ ಕಾಣಿಸಿಲ್ಲ. ಕಾಣಿಸುವಳೆಂಬ ನಂಬಿಕೆ ನಮ್ಮಿಬ್ಬರಲ್ಲೂ ಉಳಿದಿಲ್ಲ. ಆದರೆ ಆ ಮಾತನ್ನು ಒಬ್ಬರಿಗೊಬ್ಬರು ಹೇಳಿಕೊಂಡಿಲ್ಲ.